ಕೈಗೆ ಬಿಡುವಿಲ್ಲದ ಹೆಂಗಸು: ಕಾರ್ಮೆನ್ ಮೌರಾ ನಟನೆಯ ಬಗ್ಗೆ ಒಂದಿಷ್ಟು ಮಾತು

(ಸಿನಿಮಾ ಆಸಕ್ತರ ಕೂಟವೊಂದರಲ್ಲಿ ಆಡಿದ ಮಾತಿನ ಬರಹ ರೂಪ ಇದು. ಮಾತಿನ ಧಾಟಿಯನ್ನು ಆದಷ್ಟು ಹಾಗೇ ಉಳಿಸಿಕೊಂಡಿದ್ದೇನೆ.)

ಎಲ್ಲರಿಗೂ ನಮಸ್ಕಾರ.

1988ರ ಒಂದು ಸ್ಪ್ಯಾನಿಷ್ ಸಿನಿಮಾದ ಒಳಗೆ ಟಿವಿ ಜಾಹೀರಾತೊಂದು ಬರುತ್ತದೆ. ಒಬ್ಬ ಗೃಹಿಣಿ ಕ್ಯಾಮೆರಾ ಕಡೆ ನೋಡಿ ನಗುತ್ತಾ ಪರಿಚಯ ಹೇಳಿಕೊಳ್ಳುತ್ತಾಳೆ. ತಾನು ಮ್ಯಾಡ್ರಿಡ್‌ನ ಹೆಸರಾಂತ ಕೊಲೆಗಾರನ ತಾಯಿ ಅಂತ. ಮಗ 'ಕೆಲಸ' ಮುಗಿಸಿಕೊಂಡು ಮನೆಗೆ ಬಂದಾಗ ಅವನ ಬಟ್ಟೆ ಸಿಕ್ಕಾಪಟ್ಟೆ ಗಲೀಜಾಗಿರುತ್ತದಂತೆ. ಅಷ್ಟರಲ್ಲಿ ಪೊಲೀಸರು ಸಾಕ್ಷಿ ಹುಡುಕಿಕೊಂಡು ಬರುತ್ತಾರೆ. ಅಮ್ಮ ಒಗೆದ ಅಂಗಿ ತೋರಿಸುತ್ತಾಳೆ. ರಕ್ತದ ಕಲೆ ಇಲ್ಲವೇ ಇಲ್ಲ, ಬೆಳ್ಳಗೆ ಹೊಳೆಯುತ್ತಿದೆ. ಪೊಲೀಸರು ಬೆಪ್ಪಾಗುತ್ತಾರೆ, ಅಮ್ಮ ಸೋಪಿನ ಪುಡಿಯ ಡಬ್ಬ ಎತ್ತಿ ಹಿಡಿಯುತ್ತಾಳೆ.

ಸಿನಿಮಾ 'ವುಮೆನ್ ಆನ್ ದ ವರ್ಜ್ ಆಫ್ ಎ ನರ್ವಸ್ ಬ್ರೇಕ್‌ಡೌನ್'. ನಿರ್ದೇಶಕ ಪೆದ್ರೊ ಅಲ್ಮೊದೊವಾರ್. ಆ ಅಮ್ಮನಾಗಿ ಕಾಣಿಸಿಕೊಂಡವರು ಸ್ಪೇನ್‌ನ ನಟಿ ಕಾರ್ಮೆನ್ ಮೌರಾ. ಆ ಜಾಹೀರಾತಿನಲ್ಲಿ ಅವರು ತಮಾಷೆ ಮಾಡುತ್ತಲೇ ಇಲ್ಲ, ಗಮನಿಸಿ. ಒಗೆಯೋದರ ಬಗ್ಗೆ ಹೆಮ್ಮೆ ಇರುವ ತಾಯಿಯ ಮುಖ ಅದು. ಮಗ ಕೊಲೆಗಾರ ಅನ್ನೋದು ಆಮೇಲಿನ ಮಾತು. ಕಲೆ ಹೋಗಿದೆಯಲ್ಲ, ಅದು ಮುಖ್ಯ.

ನನಗೆ ಹೇಳಬೇಕಿರೋದು ಹೆಚ್ಚುಕಡಿಮೆ ಇಷ್ಟೇ. ಮೌರಾ ಅವರ ಸಿನಿಮಾಗಳಲ್ಲಿ ನಡೆಯುವ ಕಥೆಗಳು ನಂಬೋಕೆ ಆಗದಂಥವು. ಆದರೂ ನಾವು ನಂಬುತ್ತೇವೆ. ಯಾಕೆಂದರೆ ಆ ಹೆಂಗಸಿನ ಕೈ ಯಾವಾಗಲೂ ಏನೋ ಒಂದು ಕೆಲಸದಲ್ಲಿರುತ್ತದೆ. ಒರೆಸುತ್ತಿರುತ್ತದೆ, ಹೆಚ್ಚುತ್ತಿರುತ್ತದೆ, ತುಂಬುತ್ತಿರುತ್ತದೆ. ಅವರನ್ನು 'ಅಲ್ಮೊದೊವಾರ್ ಅವರ ಸ್ಫೂರ್ತಿ' ಅಂತ ಬರೆದು ಮುಗಿಸುವವರೇ ಜಾಸ್ತಿ. ನನಗೆ ಆ ಮಾತು ಸರಿ ಕಾಣೋದಿಲ್ಲ. ಸ್ಫೂರ್ತಿ ಅಂದರೆ ಸುಮ್ನೆ ಕೂತಿರುವವಳು. ಮೌರಾ ದುಡಿಮೆಗಾರ್ತಿ.

ಅವರು ಹುಟ್ಟಿದ್ದು 1945ರಲ್ಲಿ, ಮ್ಯಾಡ್ರಿಡ್‌ನಲ್ಲಿ. ದೊಡ್ಡ ಮನೆತನ. ಇಪ್ಪತ್ತನೇ ಶತಮಾನದ ಶುರುವಿನಲ್ಲಿ ಐದು ಸಲ ಸ್ಪೇನ್ ಪ್ರಧಾನಿಯಾಗಿದ್ದ ಆಂತೋನಿಯೊ ಮೌರಾ ಇದೇ ಮನೆತನದವರು. ಇಂಥ ಮನೆಯ ಹೆಣ್ಣುಮಕ್ಕಳು ನಾಟಕಕ್ಕೆ ಸೇರುವ ಕಾಲ ಅಲ್ಲ ಅದು. ಇಪ್ಪತ್ತು ತುಂಬುವ ಮೊದಲೇ ಒಬ್ಬ ವಕೀಲರ ಜೊತೆ ಮದುವೆಯಾಯಿತು, ಎರಡು ಮಕ್ಕಳಾದವು. ಕೆಲ ಕಾಲ ಚಿತ್ರಕಲಾ ಗ್ಯಾಲರಿ ನಡೆಸಿದರು. ಮದುವೆ ಮುರಿಯಿತು. ನಟನೆಗೆ ಬಂದರು.

ಹೇಳೋಕೆ ನಾಲ್ಕು ಸಾಲು. ಆದರೆ ಸರ್ವಾಧಿಕಾರಿ ಫ್ರಾಂಕೊ ಕಾಲದ ಕಾನೂನು ಹೇಗಿತ್ತು ಗೊತ್ತಾ? 1975ರವರೆಗೆ ಮದುವೆಯಾದ ಹೆಂಗಸು ಕೆಲಸಕ್ಕೆ ಸೇರಬೇಕಾದರೆ, ಬ್ಯಾಂಕ್ ಖಾತೆ ತೆರೆಯಬೇಕಾದರೆ ಗಂಡನ ಅನುಮತಿ ಬೇಕಿತ್ತು. ವಿಚ್ಛೇದನದ ಕಾನೂನು ಬಂದದ್ದು 1981ರಲ್ಲಿ. ಅಂಥ ದೇಶದಲ್ಲಿ ಗಂಡನನ್ನು ಬಿಟ್ಟು ರಂಗದ ಮೇಲೆ ಹೋದವಳಿಗೆ ನ್ಯಾಯಾಲಯ ಎಷ್ಟು ಮರುಕ ತೋರಿಸೀತು? ಮಕ್ಕಳು ಬಹಳ ಕಾಲ ಅವರ ಕೈಗೆ ಸಿಗಲಿಲ್ಲ. ಇದನ್ನು ಅವರೇ ಸಂದರ್ಶನಗಳಲ್ಲಿ ಹೇಳಿಕೊಂಡಿದ್ದಾರೆ. ನಾನು ಇದನ್ನು ಇಷ್ಟಕ್ಕೇ ಬಿಡುತ್ತೇನೆ. ನಟಿಯ ಸಂಕಟವನ್ನೇ ಅವರ ನಟನೆಗೆ ವಿವರಣೆ ಮಾಡುವ ಚಾಳಿ ನನಗೆ ಹಿಡಿಸೋದಿಲ್ಲ.

ಹೋಟೆಲುಗಳಲ್ಲಿ ನಡೆಯುವ ಕೆಫೆ ನಾಟಕ, ಸಣ್ಣಪುಟ್ಟ ಸಿನಿಮಾ ಪಾತ್ರ, ಹೀಗೆ ಎಪ್ಪತ್ತರ ದಶಕ ಕಳೆಯಿತು. 1977ರಲ್ಲಿ ಫೆರ್ನಾಂದೊ ಕೊಲೊಮೊ ನಿರ್ದೇಶನದ 'ತಿಗ್ರೆ ದೆ ಪಾಪೆಲ್' ಸಿನಿಮಾದಲ್ಲಿ ಮುಖ್ಯ ಪಾತ್ರ ಸಿಕ್ಕಿತು. ಹೆಚ್ಚುಕಡಿಮೆ ಅದೇ ಹೊತ್ತಿಗೆ ಫ್ರೆಂಚ್ ಲೇಖಕ ಸಾರ್ತ್ರೆಯ ಒಂದು ನಾಟಕದಲ್ಲಿ ದೊಡ್ಡ ಪಾತ್ರ ಮಾಡುತ್ತಿದ್ದರು. ಅದೇ ನಾಟಕದಲ್ಲಿ ಚಿಕ್ಕ ಪಾತ್ರ ಮಾಡಲು ಬರುತ್ತಿದ್ದ ಒಬ್ಬ ಹುಡುಗ ಹಗಲು ಟೆಲಿಫೋನ್ ಕಂಪನಿಯಲ್ಲಿ ಗುಮಾಸ್ತ, ಮಿಕ್ಕ ಹೊತ್ತಲ್ಲಿ ಸೂಪರ್-8 ಕ್ಯಾಮೆರಾದಲ್ಲಿ ಚಿತ್ರ ತೆಗೆಯುವವನು. ಅವನೇ ಪೆದ್ರೊ ಅಲ್ಮೊದೊವಾರ್.

ಇಲ್ಲಿ ಸ್ವಲ್ಪ ನಿಲ್ಲೋಣ. ಆಗ ಹೆಸರಿದ್ದದ್ದು ಮೌರಾಗೆ, ಅಲ್ಮೊದೊವಾರ್‌ಗಲ್ಲ. ಅವನ ಮೊದಲ ಪೂರ್ಣ ಪ್ರಮಾಣದ ಸಿನಿಮಾ 'ಪೆಪಿ, ಲುಸಿ, ಬೋಮ್' ತಯಾರಾಗಲು ಒಂದೂವರೆ ವರ್ಷ ಹಿಡಿಯಿತು. 16 ಎಂಎಂ ಫಿಲ್ಮು, ದುಡ್ಡು ಇದ್ದಾಗ ಶೂಟಿಂಗ್, ಇಲ್ಲದಾಗ ಇಲ್ಲ. ಸ್ನೇಹಿತರಿಂದ ಹಣ ಕೂಡಿಸುವ ಕೆಲಸದಲ್ಲಿ ಮೌರಾ ಕೂಡ ಓಡಾಡಿದರು. ನಿರ್ದೇಶಕನೇ ನಟಿಯನ್ನು ಹುಡುಕಿ ತೆಗೆದ ಅನ್ನುವ ಕಥೆ ಕೇಳಿದಾಗಲೆಲ್ಲ ಈ ಮಾತು ನೆನಪಿಟ್ಟುಕೊಳ್ಳಿ. ಸಿನಿಮಾ ಹೊರಬಂದದ್ದು 1980ರಲ್ಲಿ. ಫ್ರಾಂಕೊ ಸತ್ತು ಐದು ವರ್ಷ. ಮ್ಯಾಡ್ರಿಡ್‌ನ ಹುಡುಗ ಹುಡುಗಿಯರು ರಾತ್ರಿ ಮನೆಗೇ ಹೋಗದಿದ್ದ ಕಾಲ. ಸಿನಿಮಾ ಒರಟೊರಟಾಗಿದೆ, ಇವತ್ತು ನೋಡಿದರೆ ಅಲ್ಲಲ್ಲಿ ಮುಜುಗರವೂ ಆಗುತ್ತದೆ. ಆದರೂ ಮೌರಾ ಇದ್ದಷ್ಟು ಹೊತ್ತು ಕಣ್ಣು ಬೇರೆ ಕಡೆ ಹೋಗೋದಿಲ್ಲ.

ಮನೆಮನೆಗೆ ಅವರನ್ನು ತಲುಪಿಸಿದ್ದು ಮಾತ್ರ ಟಿವಿ. 1981ರಲ್ಲಿ ಸರ್ಕಾರಿ ವಾಹಿನಿಯಲ್ಲಿ 'ಎಸ್ತಾ ನೋಚೆ' ಅನ್ನುವ ರಾತ್ರಿ ಕಾರ್ಯಕ್ರಮ ಶುರುವಾಯಿತು. ಫೆರ್ನಾಂದೊ ಗಾರ್ಸಿಯಾ ತೋಲಾ ಅದರ ಸೂತ್ರಧಾರ, ಮೌರಾ ನಿರೂಪಕಿ. ಸ್ಪೇನ್‌ನಲ್ಲಿ ಖಾಸಗಿ ಟಿವಿ ಬಂದದ್ದು 1990ರ ಹೊತ್ತಿಗೆ. ಅಲ್ಲಿಯವರೆಗೆ ದೇಶಕ್ಕೆಲ್ಲ ಸರ್ಕಾರದ ಎರಡೇ ವಾಹಿನಿ. ನಮ್ಮಲ್ಲಿ ದೂರದರ್ಶನ ಒಂದೇ ಇದ್ದ ದಿನಗಳನ್ನು ಕಂಡವರಿಗೆ ಇದರ ಅರ್ಥ ಬಿಡಿಸಿ ಹೇಳಬೇಕಾಗಿಲ್ಲ. "ನೇನಾ, ತೂ ವಾಲೆಸ್ ಮೂಚೊ", ಅಂದರೆ "ನಿನಗೆ ಎಷ್ಟೊಂದು ಯೋಗ್ಯತೆ ಇದೆ ಕಣೇ ಹುಡುಗಿ" ಅನ್ನುವ ಒಂದು ಮಾತು ಆ ಕಾರ್ಯಕ್ರಮದಿಂದ ಬೀದಿಗೆ ಇಳಿಯಿತು. ಜನ ಅವರನ್ನು ಕಂಡಲ್ಲೆಲ್ಲ ಅದನ್ನೇ ಹೇಳುತ್ತಿದ್ದರು.

ಟಿವಿ ಜನಪ್ರಿಯತೆ ಸಿಕ್ಕ ಮೇಲೂ ಅವರು ಮತ್ತೆ ಹೋದದ್ದು ಅಲ್ಮೊದೊವಾರ್‌ನ ವಿಚಿತ್ರ ಪಾತ್ರಗಳ ಕಡೆಗೇ. 1983ರ 'ಡಾರ್ಕ್ ಹ್ಯಾಬಿಟ್ಸ್'ನಲ್ಲಿ ಸನ್ಯಾಸಿನಿ. ಮಠ ಗುಡಿಸಿ ಒರೆಸುವ ಹುಚ್ಚು ಅವಳಿಗೆ. ಜೊತೆಗೆ ಹಿತ್ತಲಲ್ಲಿ ಹುಲಿ ಸಾಕಿದ್ದಾಳೆ. ಹುಲಿಯನ್ನು ಅವಳು ಎಷ್ಟು ಮಾಮೂಲಾಗಿ ನೋಡಿಕೊಳ್ಳುತ್ತಾಳೆ ಅಂದರೆ, ಸ್ವಲ್ಪ ಹೊತ್ತಿಗೆ ನಮಗೂ ಮಠ ಅಂದಮೇಲೆ ಹುಲಿ ಇರಬೇಕು ಅನಿಸಿಬಿಡುತ್ತದೆ.

ಈಗ 1984ಕ್ಕೆ ಬರೋಣ. 'ವಾಟ್ ಹ್ಯಾವ್ ಐ ಡನ್ ಟು ಡಿಸರ್ವ್ ದಿಸ್?' ಅವರ ಎಲ್ಲ ಸಿನಿಮಾಗಳಲ್ಲಿ ನನಗೆ ಅತಿ ಇಷ್ಟವಾದದ್ದು ಇದೇ. ಅದಕ್ಕೇ ಇಲ್ಲಿ ಸ್ವಲ್ಪ ಜಾಸ್ತಿ ಹೊತ್ತು ಕೂರುತ್ತೇನೆ, ಬೇಜಾರು ಮಾಡಿಕೊಳ್ಳಬೇಡಿ.

ಮ್ಯಾಡ್ರಿಡ್‌ನ ಎಂ-30 ಹೆದ್ದಾರಿ ಪಕ್ಕದಲ್ಲಿ ಒತ್ತೊತ್ತಾಗಿ ನಿಂತ ದೊಡ್ಡ ದೊಡ್ಡ ವಸತಿ ಕಟ್ಟಡಗಳಿವೆ. ಅಂಥದೊಂದು ಪುಟ್ಟ ಮನೆಯಲ್ಲಿ ಗ್ಲೋರಿಯಾ ಅನ್ನುವ ಹೆಂಗಸು. ಗಂಡ ಟ್ಯಾಕ್ಸಿ ಚಾಲಕ. ದೊಡ್ಡ ಮಗ ಹೆರಾಯಿನ್ ಮಾರುತ್ತಾನೆ. ಅತ್ತೆ ತಿಂಡಿಯನ್ನೂ ಬಾಟಲಿ ನೀರನ್ನೂ ಬೀರುವಿನಲ್ಲಿಟ್ಟು ಬೀಗ ಹಾಕಿ, ಮನೆಯವರಿಗೇ ದುಡ್ಡಿಗೆ ಮಾರುತ್ತಾಳೆ. ಈ ಅತ್ತೆಯ ಪಾತ್ರ ಚುಸ್ ಲಾಂಪ್ರೆಯಾವೆ ಅವರದು, ಅವರ ಬಗ್ಗೆ ಬೇರೆಯೇ ಒಂದು ದಿನ ಮಾತಾಡಬೇಕು. ಗ್ಲೋರಿಯಾ ಮನೆಗೆಲಸ ಮುಗಿಸಿ ಬೇರೆಯವರ ಮನೆ ಕೆಲಸಕ್ಕೂ ಹೋಗುತ್ತಾಳೆ. ನಿದ್ದೆ ಬರದಂತೆ ಮಾತ್ರೆ ನುಂಗುತ್ತಾಳೆ, ಅದು ಸಿಗದಿದ್ದರೆ ಸೋಪಿನ ಪುಡಿ ಮೂಸುತ್ತಾಳೆ.

ಅಲ್ಮೊದೊವಾರ್ ಕ್ಯಾಮೆರಾವನ್ನು ವಾಷಿಂಗ್ ಮೆಷಿನ್ ಒಳಗೆ, ಓವನ್ ಒಳಗೆ ಇಟ್ಟು ಅವಳನ್ನು ನೋಡುತ್ತಾರೆ. ಅಂದರೆ ಯಂತ್ರಗಳು ಅವಳನ್ನು ನೋಡುತ್ತವೆ. ಮನೆಯಲ್ಲಿ ಅವಳ ಮುಖವನ್ನು ನೇರವಾಗಿ ನೋಡುವವರು ಅವೇ. ಮೌರಾ ಬಾಗಿಲು ತೆಗೆಯುತ್ತಾರೆ, ಬಟ್ಟೆ ತುರುಕುತ್ತಾರೆ, ಮುಚ್ಚುತ್ತಾರೆ. ಎಲ್ಲೂ ಅಳು ಇಲ್ಲ, ಸುಸ್ತು ಮಾತ್ರ. ಸಿನಿಮಾದಲ್ಲಿ ದುಃಖ ತೋರಿಸುವವರು ಬೇಕಾದಷ್ಟು ಜನ ಇದ್ದಾರೆ, ಸುಸ್ತನ್ನು ತೋರಿಸುವವರು ಕಡಿಮೆ.

ಶುರುವಿನಲ್ಲೇ ಒಂದು ದೃಶ್ಯ ಇದೆ. ಕೆಂಡೊ ಅನ್ನುವ ಜಪಾನಿನ ಕತ್ತಿವರಸೆ ಕಲಿಸುವ ಜಾಗದಲ್ಲಿ ಗ್ಲೋರಿಯಾ ನೆಲ ಒರೆಸುವ ಕೆಲಸದವಳು. ಗಂಡಸರು ಕೋಲು ಬೀಸಿ ಕೂಗುವುದನ್ನು ನೋಡಿ, ಒಬ್ಬಳೇ ಇದ್ದಾಗ ತಾನೂ ಕೋಲು ಎತ್ತಿ ಬೀಸುತ್ತಾಳೆ. ನಮಗೆ ನಗು ಬರುತ್ತದೆ. ಆಮೇಲೊಂದು ದಿನ ಅಡುಗೆಮನೆಯಲ್ಲಿ ಗಂಡ, ತನ್ನ ಹಳೇ ಜರ್ಮನ್ ಪ್ರೇಯಸಿಯನ್ನು ಕಾಣಲು ಅಂಗಿ ಇಸ್ತ್ರಿ ಮಾಡಿಕೊಡು ಅನ್ನುತ್ತಾನೆ. ಇವಳು ಆಗಲ್ಲ ಅನ್ನುತ್ತಾಳೆ. ಕಪಾಳಕ್ಕೆ ಬೀಳುತ್ತದೆ. ಒಣಗಿಸಿಟ್ಟ ಹಂದಿ ತೊಡೆಯ ಮೂಳೆ ಅವಳ ಕೈಗೆ ಸಿಗುತ್ತದೆ. ಅದೇ ಬೀಸು. ಗಂಡ ಸಾಯುತ್ತಾನೆ. ಮೂಳೆ ಸಾರಿನ ಪಾತ್ರೆಗೆ ಹೋಗುತ್ತದೆ, ಪೊಲೀಸರಿಗೆ ಕೊಲೆಯ ಆಯುಧ ಸಿಗೋದೇ ಇಲ್ಲ.

ಇದೆಲ್ಲ ಕೇಳೋಕೆ ತಮಾಷೆ. ಕೊನೆಯ ಭಾಗ ನೋಡಿ. ಅತ್ತೆ ಮತ್ತು ದೊಡ್ಡ ಮಗ ಬಸ್ಸು ಹತ್ತಿ ಹಳ್ಳಿಗೆ ಹೋಗುತ್ತಾರೆ. ಗ್ಲೋರಿಯಾ ಖಾಲಿ ಮನೆಗೆ ಬರುತ್ತಾಳೆ. ಒಂದೊಂದೇ ಕೋಣೆ ನೋಡುತ್ತಾಳೆ. ಒಗೆಯಲು ಯಾರ ಬಟ್ಟೆಯೂ ಇಲ್ಲ, ಬಡಿಸಲು ಯಾರೂ ಇಲ್ಲ. ಇಡೀ ಸಿನಿಮಾದಲ್ಲಿ ಮೊದಲ ಸಲ ಆ ಕೈಗಳಿಗೆ ಕೆಲಸ ಇಲ್ಲ. ಮೌರಾ ಅವನ್ನು ಎಲ್ಲಿ ಇಡಬೇಕು ಅಂತ ಗೊತ್ತಾಗದವರ ಹಾಗೆ ನಿಲ್ಲುತ್ತಾರೆ. ಅವಳು ಬಾಲ್ಕನಿಗೆ ಬಂದಾಗ ನಮಗೆ ಎದೆ ಝಲ್ಲೆನ್ನುತ್ತದೆ. ಅಷ್ಟರಲ್ಲಿ ಚಿಕ್ಕ ಮಗ ಮನೆಗೆ ವಾಪಸ್ ಬರುತ್ತಾನೆ ಅನ್ನಿ.

1987ರ 'ಲಾ ಆಫ್ ಡಿಸೈರ್'ನಲ್ಲಿ ಅವರದು ಟೀನಾ ಅನ್ನುವ ಟ್ರಾನ್ಸ್ ಮಹಿಳೆಯ ಪಾತ್ರ. ಮಜಾ ಏನೆಂದರೆ, ನಿಜ ಜೀವನದಲ್ಲಿ ಟ್ರಾನ್ಸ್ ಮಹಿಳೆಯಾದ ನಟಿ ಬಿಬಿ ಆಂದರ್ಸನ್ ಅದೇ ಸಿನಿಮಾದಲ್ಲಿ ಒಂದು ಹುಡುಗಿಯ ಹೆತ್ತ ತಾಯಿಯಾಗಿ ನಟಿಸಿದ್ದಾರೆ. ಇಂಥ ಪಾತ್ರ ಯಾರು ಮಾಡಬೇಕು ಅನ್ನುವ ಇವತ್ತಿನ ಪ್ರಶ್ನೆ ನ್ಯಾಯವಾದದ್ದೇ. ನಾನು ಅದನ್ನು ಪಕ್ಕಕ್ಕೆ ತಳ್ಳುತ್ತಿಲ್ಲ. ಹಾಗಿದ್ದೂ ಒಂದು ದೃಶ್ಯ ನೋಡಲೇಬೇಕು. ಬೇಸಿಗೆಯ ರಾತ್ರಿ, ಮ್ಯಾಡ್ರಿಡ್‌ನ ಕೊಂದೆ ದೂಕೆ ಬ್ಯಾರಕ್ ಗೋಡೆಯ ಮುಂದೆ ನಗರಸಭೆಯವನು ಪೈಪು ಹಿಡಿದು ಬೀದಿ ತೊಳೆಯುತ್ತಿದ್ದಾನೆ. ಟೀನಾ ಅವನೆದುರು ನಿಂತು ನನ್ನ ಮೇಲೆ ನೀರು ಬಿಡಪ್ಪಾ ಅಂತ ಕೂಗುತ್ತಾಳೆ. ಬಟ್ಟೆಯೆಲ್ಲ ಮೈಗೆ ಅಂಟುತ್ತದೆ, ನೀರಿನ ರಭಸಕ್ಕೆ ತೂರಾಡುತ್ತಾಳೆ, ನಗುತ್ತಾಳೆ. ಹೊಸ ಸ್ಪೇನ್ ಅಂದ ಕೂಡಲೇ ಆ ದೇಶದ ಜನ ನೆನೆಯುವ ದೃಶ್ಯಗಳಲ್ಲಿ ಇದೂ ಒಂದು.

ಇನ್ನು 'ವುಮೆನ್ ಆನ್ ದ ವರ್ಜ್'. ಪೆಪಾ ಡಬ್ಬಿಂಗ್ ಕಲಾವಿದೆ. ಪ್ರಿಯಕರ ಇವಾನ್ ಕೂಡ ಅದೇ ಕಸುಬಿನವನು. ಸ್ಪೇನ್‌ನಲ್ಲಿ ಹೊರದೇಶದ ಸಿನಿಮಾಗಳನ್ನು ಡಬ್ ಮಾಡುವ ಪದ್ಧತಿ ಫ್ರಾಂಕೊ ಆಳ್ವಿಕೆಯಲ್ಲಿ ಗಟ್ಟಿಯಾಗಿ ಬೇರೂರಿತು. 1941ರಲ್ಲಿ ಅದನ್ನು ಕಡ್ಡಾಯವೇ ಮಾಡಿದ್ದರು. ಮಾತು ಬದಲಿಸಿದರೆ ಕಥೆಯನ್ನೂ ಬದಲಿಸಬಹುದಲ್ಲ! ಡಬ್ಬಿಂಗ್ ಬೇಕೋ ಬೇಡವೋ ಅಂತ ದಶಕಗಟ್ಟಲೆ ಜಗಳವಾಡಿದ ಕನ್ನಡದವರಿಗೆ ಈ ವಿಷಯದಲ್ಲಿ ಕಿವಿ ನೆಟ್ಟಗಾಗೋದು ಸಹಜ.

ಇವಾನ್ ಪೆಪಾಳನ್ನು ಬಿಟ್ಟು ಹೋಗಿದ್ದಾನೆ. ಅವಳು ಸ್ಟುಡಿಯೋಗೆ ಬರುವ ಹೊತ್ತಿಗೆ ಅವನು ತನ್ನ ಭಾಗದ ಮಾತು ಮುಗಿಸಿ ಹೋಗಿಯಾಗಿದೆ. ಡಬ್ ಮಾಡಬೇಕಾದದ್ದು 'ಜಾನಿ ಗಿಟಾರ್' ಸಿನಿಮಾದ ಹಳೇ ಪ್ರೇಮಿಗಳ ದೃಶ್ಯ. ಪೆಪಾ ಹೆಡ್‌ಫೋನ್ ಹಾಕಿಕೊಳ್ಳುತ್ತಾಳೆ. ಕಿವಿಯಲ್ಲಿ ಇವಾನ್‌ನ ದನಿ ಪ್ರೀತಿಯ ಮಾತಾಡುತ್ತದೆ, ಆ ಮಾತು ಇವಳಿಗಲ್ಲ. ಪರದೆಯ ಮೇಲೆ ಜೋನ್ ಕ್ರಾಫರ್ಡ್ ತುಟಿ ಆಡಿಸುತ್ತಾಳೆ, ದನಿ ಪೆಪಾಳದು. ಬಿಟ್ಟುಹೋದವನಿಗೆ ಹೇಳಬೇಕಾದ್ದನ್ನು ಯಾರದೋ ತುಟಿಗೆ ಸರಿಯಾಗಿ, ಲಯ ತಪ್ಪದಂತೆ ಹೇಳಬೇಕು. ಮೌರಾ ಇಲ್ಲಿ ಎರಡು ಕೆಲಸ ಒಟ್ಟಿಗೆ ಮಾಡುತ್ತಾರೆ. ಪೆಪಾ ಕಸುಬುದಾರಳು, ಮಾತು ತುಟಿಗೆ ಕೂರಬೇಕು ಅನ್ನುವ ಎಚ್ಚರ ಅವಳ ಮುಖದಲ್ಲಿದೆ. ಅದರ ಕೆಳಗೇ ಅವಳು ಕುಸಿಯುತ್ತಿದ್ದಾಳೆ. ಮಾತು ಮುಗಿಯುತ್ತದೆ, ಆಮೇಲೆ ದಬ್ಬನೆ ಬೀಳುತ್ತಾಳೆ. ಆ ಕ್ರಮ ಗಮನಿಸಿ. ಮೊದಲು ಕೆಲಸ ಮುಗಿಸಿ ಆಮೇಲೆ ಮೂರ್ಛೆ.

ಅದೇ ಸಿನಿಮಾದ ಗಾಸ್ಪಾಚೊ ಅನ್ನುವ ತಣ್ಣನೆ ಸೂಪು ನೋಡಿದವರಿಗೆಲ್ಲ ನೆನಪಿರುತ್ತದೆ. ಟೊಮೇಟೊ, ಸೌತೆಕಾಯಿ, ದಪ್ಪ ಮೆಣಸಿನಕಾಯಿ, ಈರುಳ್ಳಿ, ಚೂರು ಬೆಳ್ಳುಳ್ಳಿ, ಎಣ್ಣೆ, ಉಪ್ಪು, ವಿನೆಗರ್, ಒಣಗಿದ ಬ್ರೆಡ್ಡು, ನೀರು. ಪೊಲೀಸರು ಕೇಳಿದಾಗ ಪೆಪಾ ಹೀಗೇ ಒಂದೊಂದಾಗಿ ಪಟ್ಟಿ ಒಪ್ಪಿಸುತ್ತಾಳೆ. ಹಾಕಿರುವ ನಿದ್ದೆ ಮಾತ್ರೆಯ ಹೆಸರು ಮಾತ್ರ ಹೇಳೋದಿಲ್ಲ.

ಸಿನಿಮಾ ಜಗತ್ತು ಸುತ್ತಿತು. ಆಸ್ಕರ್‌ನ ವಿದೇಶಿ ಚಿತ್ರಗಳ ಪಟ್ಟಿಯಲ್ಲಿ ಸೇರಿತು, ಗೆಲ್ಲಲಿಲ್ಲ. ಮೌರಾಗೆ ಯುರೋಪಿಯನ್ ಫಿಲ್ಮ್ ಅವಾರ್ಡ್ ಬಂತು, ಸ್ಪೇನ್‌ನ ಸಿನಿಮಾ ಪ್ರಶಸ್ತಿ ಗೋಯಾ ಮೊದಲ ಸಲ ಬಂತು. ಅದೇ ಹೊತ್ತಿಗೆ ನಟಿ, ನಿರ್ದೇಶಕರ ನಡುವೆ ಮಾತು ನಿಂತುಹೋಯಿತು. ಯಾಕೆ ಅನ್ನೋದಕ್ಕೆ ಗಾಳಿಮಾತು ಬೇಕಾದಷ್ಟಿವೆ, ನನಗೆ ಅವು ಬೇಡ. 1990ರ ಗೋಯಾ ಸಮಾರಂಭದಲ್ಲಿ ಅಲ್ಮೊದೊವಾರ್ ವೇದಿಕೆ ಮೇಲೆ ಅವರಿಗೆ ಬರ್ಲಿನ್ ಗೋಡೆಯ ಒಂದು ತುಂಡು ಕೊಟ್ಟರು. ಆ ಗೋಡೆಯೇ ಬಿದ್ದಮೇಲೆ ನಮ್ಮಿಬ್ಬರ ನಡುವಿನದೂ ಬೀಳಲಿ ಅನ್ನುವುದು ಅದರ ಅರ್ಥ. ಎಲ್ಲರೂ ಚಪ್ಪಾಳೆ ತಟ್ಟಿದರು. ಆದರೆ ಇಬ್ಬರೂ ಮತ್ತೆ ಒಂದು ಸಿನಿಮಾ ಮಾಡಲು 2006 ಬರಬೇಕಾಯಿತು.

ನಡುವಿನ ಈ ವರ್ಷಗಳೇ ನನ್ನ ವಾದಕ್ಕೆ ಆಧಾರ. ಅದೇ 1990ರಲ್ಲಿ ಅವರು ಕಾರ್ಲೋಸ್ ಸೌರಾ ನಿರ್ದೇಶನದ 'ಆಯ್, ಕಾರ್ಮೆಲಾ!' ಮಾಡಿದರು. ಗಣರಾಜ್ಯದವರಿಗೂ ಫ್ರಾಂಕೊ ಪಡೆಗೂ ನಡೆದ ಸ್ಪೇನ್‌ನ ಅಂತರ್ಯುದ್ಧದ ಕಾಲ, 1938. ಊರೂರು ಸುತ್ತಿ ಹಾಡು, ಹಾಸ್ಯ ಮಾಡುವ ಗಂಡ ಹೆಂಡತಿ, ಜೊತೆಗೊಬ್ಬ ಮೂಕ ಹುಡುಗ. ಮಂಜಿನಲ್ಲಿ ದಾರಿ ತಪ್ಪಿ ಇವರ ವ್ಯಾನು ಫ್ರಾಂಕೊ ಪಡೆಯ ಕಡೆಗೆ ಹೋಗಿಬಿಡುತ್ತದೆ. ಜೀವ ಉಳಿಯಬೇಕಾದರೆ ಶತ್ರು ಸೈನಿಕರ ಮುಂದೆ ತಮ್ಮದೇ ಗಣರಾಜ್ಯದ ಬಾವುಟವನ್ನು ಅಣಕಿಸುವ ಆಟ ಆಡಬೇಕು. ಗಣರಾಜ್ಯದ ಪರ ಕಾದಾಡಿ ಸೆರೆಸಿಕ್ಕ ಪೋಲೆಂಡಿನ ಹುಡುಗರನ್ನೂ ನೋಡಲೆಂದು ಕರೆತಂದು ಕೂರಿಸಿರುತ್ತಾರೆ. ಮರುದಿನ ಅವರಿಗೆ ಗುಂಡಿಕ್ಕುತ್ತಾರೆ ಅಂತ ಕಾರ್ಮೆಲಾಗೆ ಗೊತ್ತು.

ಈ ಕಾರ್ಮೆಲಾ ವೀರನಾರಿ ಅಲ್ಲ. ಮುಟ್ಟಿನ ಹೊಟ್ಟೆನೋವು ಅವಳಿಗೆ, ಕೋಪ, ಕಿರಿಕಿರಿ. ಗಂಡ ಪಾವುಲಿನೊ ಹೇಗಾದರೂ ಮುಗಿಸಿಬಿಡೋಣ ಅಂತ ಗೋಗರೆಯುತ್ತಾನೆ. ರಂಗದ ಮೇಲೆ ಅವಳು ಶುರುವಿನಲ್ಲಿ ಹೇಳಿಕೊಟ್ಟದ್ದನ್ನೇ ಮಾಡುತ್ತಾಳೆ. ನಡುವೆ ಎಲ್ಲೋ ಆ ಹುಡುಗರ ಮುಖ ಕಣ್ಣಿಗೆ ಬೀಳುತ್ತದೆ. ಆಮೇಲೆ ಅವಳ ಕೈಲಿ ಆಗೋದಿಲ್ಲ. ಎಲ್ಲಿ ಮುರಿಯಿತು ಅಂತ ಬೆರಳಿಟ್ಟು ತೋರಿಸಲು ಆಗದಂತೆ ಮೌರಾ ಇದನ್ನು ಮಾಡಿದ್ದಾರೆ. ಒಬ್ಬ ಅಧಿಕಾರಿ ಎದ್ದು ನಿಂತು ಗುಂಡು ಹಾರಿಸುತ್ತಾನೆ. ಸಿನಿಮಾಗೆ 13 ಗೋಯಾ ಬಂದವು, ಅದರಲ್ಲೊಂದು ಮೌರಾದು.

ತೊಂಬತ್ತರ ದಶಕದಲ್ಲಿ ಫ್ರಾನ್ಸ್ ಅವರನ್ನು ಕರೆಯಿತು. ಫ್ರೆಂಚ್ ಸಿನಿಮಾಗಳಲ್ಲಿ ಫ್ರೆಂಚ್‌ನಲ್ಲೇ ನಟಿಸಿದರು. 1998ರಲ್ಲಿ ಸ್ಪೇನ್ ಸರ್ಕಾರ ರಾಷ್ಟ್ರೀಯ ಚಲನಚಿತ್ರ ಪ್ರಶಸ್ತಿ ಕೊಟ್ಟಿತು. ಅದೇ ವರ್ಷ ಅವರು ಏನು ಮಾಡುತ್ತಿದ್ದರು? ಟಿವಿಯಲ್ಲಿ 'ಆ ಲಾಸ್ ಒನ್ಸೆ ಎನ್ ಕಾಸಾ' ಅನ್ನುವ ಮನೆಮಂದಿಯ ಹಾಸ್ಯ ಧಾರಾವಾಹಿ! ರಾಷ್ಟ್ರ ಪ್ರಶಸ್ತಿ ಬಂದವರು ಧಾರಾವಾಹಿ ಮಾಡಬಾರದು ಅನ್ನುವ ಮಡಿ ಅವರಿಗಿಲ್ಲ. ನನಗೆ ಅವರ ಮೇಲೆ ಗೌರವ ಹೆಚ್ಚಲು ಇದೂ ಒಂದು ಕಾರಣ.

2000ದಲ್ಲಿ ಆಲೆಕ್ಸ್ ದೆ ಲಾ ಇಗ್ಲೇಸಿಯಾ ಅವರ 'ಲಾ ಕೊಮುನಿದಾದ್' ಬಂತು. ಹೂಲಿಯಾ ಮನೆ ಮಾರಿಸುವ ಏಜೆಂಟ್. ಸತ್ತ ಮುದುಕನೊಬ್ಬನ ಮನೆಯಲ್ಲಿ ಅವಳಿಗೆ 30 ಕೋಟಿ ಪೆಸೆಟಾ ಸಿಗುತ್ತದೆ. ಆದರೆ ಆ ಕಟ್ಟಡದಲ್ಲಿರುವವರೆಲ್ಲ ಆ ದುಡ್ಡಿಗಾಗಿ ಮುದುಕನ ಸಾವನ್ನೇ ವರ್ಷಗಟ್ಟಲೆ ಕಾದು ಕೂತವರು. ಇಲ್ಲಿ ಮೌರಾ ಓಡುತ್ತಾರೆ, ಸೂಟ್‌ಕೇಸ್ ಎಳೆಯುತ್ತಾರೆ, ಮ್ಯಾಡ್ರಿಡ್‌ನ ಎತ್ತರದ ಕಟ್ಟಡಗಳ ತಾರಸಿ ಮೇಲೆ ನೇತಾಡುತ್ತಾರೆ. ಆಗ ಅವರಿಗೆ 55. ಆ ವಯಸ್ಸಿನ ನಟಿಯರಿಗೆ ಅಮ್ಮ, ಅತ್ತೆ ಪಾತ್ರ ಬಿಟ್ಟು ಬೇರೆ ಕೊಡದ ಉದ್ಯಮಗಳ ಬಗ್ಗೆ ನಾನು ಹೆಚ್ಚು ಹೇಳಬೇಕಾಗಿಲ್ಲ, ಅಲ್ವಾ? ಸಾನ್ ಸೆಬಾಸ್ತಿಯಾನ್ ಚಿತ್ರೋತ್ಸವದಲ್ಲಿ ಅತ್ಯುತ್ತಮ ನಟಿ, ಮತ್ತೆ ಗೋಯಾ. ಲೆಕ್ಕ ನೋಡಿ. ಮುಖ್ಯ ನಟಿಯಾಗಿ ಪಡೆದ ಮೂರು ಗೋಯಾಗಳಲ್ಲಿ ಎರಡು ಅಲ್ಮೊದೊವಾರ್ ಸಿನಿಮಾಗಳದ್ದಲ್ಲ.

ಆಮೇಲೆ 2006, 'ವೋಲ್ವೆರ್'. ಸ್ಪೇನ್‌ನ ಲಾ ಮಾಂಚಾ ಸೀಮೆಯ ಗಾಳಿ ಬೀಸುವ ಹಳ್ಳಿ. ಬೆಂಕಿಯಲ್ಲಿ ಸತ್ತಳು ಅಂದುಕೊಂಡ ತಾಯಿ ಐರೀನ್ ಮಗಳ ಕಾರಿನ ಡಿಕ್ಕಿಯಿಂದ ಎದ್ದು ಬರುತ್ತಾಳೆ. ದೆವ್ವವೋ ಮನುಷ್ಯಳೋ? ಅದನ್ನು ಯೋಚಿಸಲು ಸಮಯ ಎಲ್ಲಿದೆ! ಮಗಳು ಮನೆಯಲ್ಲೇ ಕದ್ದುಮುಚ್ಚಿ ಪಾರ್ಲರ್ ನಡೆಸುತ್ತಾಳೆ. ಅಮ್ಮ ತಕ್ಷಣ ರಷ್ಯಾದಿಂದ ಬಂದ ಕೆಲಸದವಳ ವೇಷ ಹಾಕಿ, ಗಿರಾಕಿಗಳ ತಲೆ ತೊಳೆಯಲು ನಿಲ್ಲುತ್ತಾಳೆ. ಇನ್ನೊಬ್ಬ ಮಗಳು ರೈಮುಂದಾ ಮನೆಗೆ ಬಂದಾಗ ಮೂಸಿ ನೋಡಿ, ಇಲ್ಲಿ ಅಮ್ಮನ ಹೂಸಿನ ವಾಸನೆ ಬರುತ್ತಿದೆ ಅನ್ನುತ್ತಾಳೆ. ಎಲ್ಲರೂ ಬಿದ್ದೂ ಬಿದ್ದೂ ನಗುತ್ತಾರೆ. ಮಂಚದ ಕೆಳಗೆ ಅಡಗಿರುವ ಮೌರಾ ಕೂಡ.

ರೈಮುಂದಾ ಹೋಟೆಲಿನ ಅಂಗಳದಲ್ಲಿ ಹಾಡುತ್ತಾಳೆ. ನಟಿ ಪೆನೆಲೊಪೆ ಕ್ರೂಸ್, ದನಿ ಗಾಯಕಿ ಎಸ್ತ್ರೆಯಾ ಮೊರೆಂತೆಯದು. ಕಾರಿನೊಳಗೆ ಬಗ್ಗಿ ಕೂತ ತಾಯಿ ಅದನ್ನು ಕೇಳುತ್ತಾಳೆ. ಹೊರಗೆ ಬರುವಂತಿಲ್ಲ, ಮಗಳನ್ನು ಮುಟ್ಟುವಂತಿಲ್ಲ. ಮೌರಾಗೆ ಇಲ್ಲಿ ಮಾತೂ ಇಲ್ಲ, ಕೈಗೆ ಕೆಲಸವೂ ಇಲ್ಲ. ಗ್ಲೋರಿಯಾಳ ಖಾಲಿ ಮನೆ ನೋಡಿದವರಿಗೆ ಈ ದೃಶ್ಯ ಇನ್ನಷ್ಟು ತಟ್ಟುತ್ತದೆ. ಕಾನ್ ಚಿತ್ರೋತ್ಸವದಲ್ಲಿ ಈ ಸಿನಿಮಾದ ಆರು ನಟಿಯರಿಗೂ ಸೇರಿಸಿ ಅತ್ಯುತ್ತಮ ನಟಿ ಪ್ರಶಸ್ತಿ ಕೊಟ್ಟರು. ಮೌರಾಗೆ ಪೋಷಕ ನಟಿಯಾಗಿ ನಾಲ್ಕನೇ ಗೋಯಾ ಬಂತು.

ಆಮೇಲಿನದನ್ನು ಓಡಿಸಿಕೊಂಡು ಹೇಳುತ್ತೇನೆ. ಅರವತ್ತರ ದಶಕದ ಪ್ಯಾರಿಸ್‌ನಲ್ಲಿ ಮನೆಗೆಲಸಕ್ಕಿದ್ದ ಸ್ಪ್ಯಾನಿಷ್ ಹೆಂಗಸರ ಕಥೆಯ ಫ್ರೆಂಚ್ ಸಿನಿಮಾ 'ದ ವುಮೆನ್ ಆನ್ ದ ಸಿಕ್ಸ್ತ್ ಫ್ಲೋರ್', ಅದರ ಪಾತ್ರಕ್ಕೆ 2012ರಲ್ಲಿ ಫ್ರಾನ್ಸ್‌ನ ಸೀಸರ್ ಪ್ರಶಸ್ತಿ. 2018ರಲ್ಲಿ ಯುರೋಪಿಯನ್ ಫಿಲ್ಮ್ ಅಕಾಡೆಮಿಯ ಜೀವಮಾನ ಗೌರವ. ನೆಟ್‌ಫ್ಲಿಕ್ಸ್‌ನ 'ಸಮ್‌ಒನ್ ಹ್ಯಾಸ್ ಟು ಡೈ'ನಲ್ಲಿ ಫ್ರಾಂಕೊ ಕಾಲದ ಕಲ್ಲೆದೆಯ ಅಜ್ಜಿ. 2024ರಲ್ಲಿ ಆಪಲ್ ಟಿವಿಯ 'ಲ್ಯಾಂಡ್ ಆಫ್ ವುಮೆನ್'ನಲ್ಲಿ ಇವಾ ಲಾಂಗೋರಿಯಾಗೆ ತಾಯಿ. 2025ರಲ್ಲಿ ವೆನಿಸ್‌ನಲ್ಲಿ ತೆರೆಕಂಡ ಮರ್ಯಮ್ ತೂಜಾನಿ ಅವರ 'ಕಾಯೆ ಮಾಲಗಾ'ದಲ್ಲಿ ಮುಖ್ಯ ಪಾತ್ರ. ಮೊರಾಕೊದ ಟ್ಯಾಂಜಿಯರ್‌ನಲ್ಲಿ ಬದುಕು ಸವೆಸಿದ ಸ್ಪ್ಯಾನಿಷ್ ಮುದುಕಿ, ಮನೆ ಮಾರಲು ಬಂದ ಮಗಳಿಗೆ ಬಗ್ಗದವಳು. ಎಂಬತ್ತರ ಹತ್ತಿರ ಬಂದವರಿಗೆ ಇಡೀ ಸಿನಿಮಾ ಹೆಗಲ ಮೇಲೆ!

ಮಾತು ಮುಗಿದ ಮೇಲೆ ಕೇಳಿದ ಎರಡು ಪ್ರಶ್ನೆಗಳನ್ನೂ ಇಲ್ಲಿ ಸೇರಿಸುತ್ತೇನೆ. ಒಬ್ಬರು, ಅಲ್ಮೊದೊವಾರ್ ಸಿಗದಿದ್ದರೆ ಇವರು ಇಷ್ಟು ಎತ್ತರಕ್ಕೆ ಬರುತ್ತಿದ್ದರಾ ಅಂತ ಕೇಳಿದರು. ಸ್ಪೇನ್‌ನ ಹೊರಗೆ ನಮ್ಮವರೆಗೆ ಹೆಸರು ತಲುಪುತ್ತಿರಲಿಲ್ಲವೇನೋ, ಅದನ್ನು ಒಪ್ಪುತ್ತೇನೆ. ಆದರೆ ಪ್ರಶ್ನೆಯನ್ನು ತಿರುಗಿಸಿಯೂ ಕೇಳಬೇಕು. ಗ್ಲೋರಿಯಾ, ಟೀನಾ, ಪೆಪಾ ಇಲ್ಲದ ಅಲ್ಮೊದೊವಾರ್ ಯಾರು? ಹುಲಿ, ಹಂದಿ ಮೂಳೆ, ನಿದ್ದೆ ಮಾತ್ರೆ ಬೆರೆಸಿದ ಗಾಸ್ಪಾಚೊ, ಇವನ್ನೆಲ್ಲ ಕಾಗದದ ಮೇಲೆ ಬರೆಯಬಹುದು. ಅದಕ್ಕೊಂದು ಅಡುಗೆಮನೆ ಕಟ್ಟಿಕೊಟ್ಟವರು ಈ ನಟಿ.

ಇನ್ನೊಬ್ಬ ತಾಯಿ, ಎಲ್ಲಿಂದ ನೋಡೋಕೆ ಶುರು ಮಾಡಲಿ ಅಂದರು. 'ವುಮೆನ್ ಆನ್ ದ ವರ್ಜ್'ನಿಂದ ಮಾಡಿ ಅಮ್ಮ, ನಗು ಇದೆ, ಒಂದೂವರೆ ಗಂಟೆಯಲ್ಲಿ ಮುಗಿಯುತ್ತದೆ. ಆಮೇಲೆ 'ಆಯ್, ಕಾರ್ಮೆಲಾ!'. ಗ್ಲೋರಿಯಾಳ ಸಿನಿಮಾವನ್ನು ಮೂರನೆಯದಾಗಿ ಇಟ್ಟುಕೊಳ್ಳಿ, ಮನೆಯಲ್ಲಿ ಮಕ್ಕಳಿಲ್ಲದ ಹೊತ್ತಿಗೆ. ಇಂಗ್ಲಿಷ್‌ಗೆ ಡಬ್ ಆದದ್ದು ಸಿಕ್ಕರೆ ಬಿಟ್ಟುಬಿಡಿ, ಸಬ್‌ಟೈಟಲ್ ಇರೋದನ್ನೇ ನೋಡಿ. ಆ ದನಿ ಕೇಳದೆ ಮೌರಾ ಅವರನ್ನು ಅರ್ಧ ಮಾತ್ರ ನೋಡಿದ ಹಾಗೆ.